ಕಲೆ ಅವರದು, ಟೈಂಪಾಸ್ ನಮ್ಮದಾ?

ಅವ್ವ ಮುದ್ದೆ ಕಟ್ಟುವುದನ್ನು ಇಂದಿರಾನಗರದ ಗ್ಯಾಲರಿಯಲ್ಲಿ ತೋರಿಸಿದರೆ ‘ವಿಡಿಯೊ ಆರ್ಟ್’. ಅದನ್ನೇ ನಾವು ಫೋನಲ್ಲಿ ತೆಗೆದರೆ ‘ಟೈಂಪಾಸ್’. ಇದ್ಯಾವ ನ್ಯಾಯ?

ಬೆಂಗಳೂರಿನ ಆಂಗ್ಲೋ-ಇಂಡಿಯನ್ ಟಾಮ್ ಡಿ’ಅಗಿಯಾರ್ ವೃತ್ತಿ ಕಲಾವಿದರಲ್ಲ. ಹವ್ಯಾಸಕ್ಕೆಂದು ಪುಟ್ಟ 8 ಎಂಎಂ ಕ್ಯಾಮೆರಾದಲ್ಲಿ ಮನೆಯವರನ್ನು, ಗೆಳೆಯರನ್ನು ಚಿತ್ರಿಸಿದರು. ದಶಕಗಳ ನಂತರ, 2005ರಲ್ಲಿ, ಕಲಾವಿದೆ ಆಯಿಷಾ ಅಬ್ರಹಾಂ ಆ ರೀಲುಗಳಿಂದಲೇ ‘ಸ್ಟ್ರೈಟ್ 8’ ಎಂಬ ಕಿರುಚಿತ್ರ ಮಾಡಿದರು. ರೀಲು ಉಳಿದಿತ್ತು, ಅದಕ್ಕೇ ಕಲೆಯಾಯಿತು.

ನಮ್ಮದು? 2020ರ ಜೂನ್ 29ರಂದು ಟಿಕ್‌ಟಾಕ್ ನಿಷೇಧವಾಯಿತು. ಅದರಲ್ಲಿದ್ದ ಹಳ್ಳಿ ವಿಡಿಯೊಗಳೂ ಕಣ್ಮರೆಯಾದವು. ಆ್ಯಪ್ ನಂಬಿ ಕೂರಬೇಡಿ. ಊರು, ಹೆಸರು, ದಿನಾಂಕ ಬರೆದು ಮೆಮೊರಿ ಕಾರ್ಡಿನಲ್ಲಿಡಿ. ಪಂಚಾಯಿತಿ ಗ್ರಂಥಾಲಯಕ್ಕೆ ಒಂದು ಹಾರ್ಡ್‌ಡಿಸ್ಕ್ ಕೊಡಿಸಿ ಎಂದು ಗ್ರಾಮಸಭೆಯಲ್ಲಿ ಕೇಳಿ. ನಮ್ಮ ಬದುಕನ್ನು ನಾವೇ ಉಳಿಸದಿದ್ದರೆ ಇನ್ಯಾರು ಉಳಿಸುತ್ತಾರೆ?