ಡಿಎಲ್‌ಎಲ್ ಕಾಣೆಯಾದರೆ ಹುಡುಕ್ಕೊಂಡು ಹೋಗ್ಬೇಡಿ

‘ಎಂಪಿಕ್ಲೈಂಟ್ ಡಾಟ್ ಡಿಎಲ್‌ಎಲ್ ಸಿಗುತ್ತಿಲ್ಲ’ ಅಂತ ಲ್ಯಾಪ್‌ಟಾಪ್ ಹೇಳಿದರೆ ಏನ್ ಮಾಡೋದು ಅಂತ ಗೆಳೆಯರು ನನ್ನನ್ನ ಕೇಳ್ತಿರ್ತಾರೆ. ಡಿಎಲ್‌ಎಲ್ ಅಂದ್ರೆ ಹಲವು ಪ್ರೋಗ್ರಾಮ್‌ಗಳು ಹಂಚಿಕೊಂಡು ಬಳಸುವ ಫೈಲ್. ವಠಾರಕ್ಕೆಲ್ಲ ಒಂದೇ ಬಾವಿ ಇದ್ದ ಹಾಗೆ. ಈ ಫೈಲ್ ವಿಂಡೋಸ್‌ನ ಕಾವಲುಗಾರ ಡಿಫೆಂಡರ್‌ನದು.

ಬಾವಿಗೆ ವಿಷ ಹಾಕೋರೂ ಇದಾರೆ. 2022ರಲ್ಲಿ, ಫೈಲುಗಳಿಗೆ ಬೀಗ ಜಡಿದು ದುಡ್ಡು ಕೀಳುವ ಲಾಕ್‌ಬಿಟ್‌ನವರು ಇದೇ ಹೆಸರಿನ ನಕಲಿ ಫೈಲ್ ಇಟ್ಟು, ಡಿಫೆಂಡರ್‌ನ ಅಸಲಿ ಪ್ರೋಗ್ರಾಮ್ ಕೈಯಲ್ಲೇ ಅದನ್ನು ಓಡಿಸಿದ್ದರು!

ಅದಕ್ಕೇ ನಾನು ಹೇಳೋದು: ಕಂಡ ಸೈಟಿಂದ ಡಿಎಲ್‌ಎಲ್ ಇಳಿಸ್ಕೋಬೇಡಿ. ವಿಂಡೋಸ್ ಅಪ್‌ಡೇಟ್ ಮಾಡಿ. ಆಫೀಸಿನ ಲ್ಯಾಪ್‌ಟಾಪ್ ಆದ್ರೆ, ಏನನ್ನೂ ಮುಟ್ಟದೆ ಐಟಿಯವರಿಗೆ ಹೇಳಿ. ಹೆಸರು ಒಂದೇ ಅಂದ ಮಾತ್ರಕ್ಕೆ ಫೈಲ್ ಅಸಲಿಯಲ್ಲ.