ಹಸಿರು ಚುಕ್ಕೆಯ ಪನ್ನಾ ಕೋಟಾ

ಕಳೆದ ತಿಂಗಳು ಒಂದು ಶನಿವಾರ ರಾತ್ರಿ. ಫ್ರಿಜ್‌ನಲ್ಲಿ ಆರು ಕಪ್ ಪನ್ನಾ ಕೋಟಾ ಸೆಟ್ ಆಗ್ತಾ ಇತ್ತು. ಊರಿಂದ ಬಂದಿದ್ದ ಅತ್ತೆ ಇಣುಕಿ ನೋಡಿ, “ಗಿಣ್ಣು ಇದ್ದಂಗಿದೆಯಲ್ಲೇ, ಒಂದು ಕೊಡು, ರುಚಿ ನೋಡ್ತೀನಿ” ಅಂದ್ರು. ಕಪ್ ಕೈಗೆತ್ತಿಕೊಂಡಾಗಲೇ ಕಟ್ಟೆ ಮೇಲಿದ್ದ ಜೆಲಟಿನ್ ಪ್ಯಾಕೆಟ್ ಕಣ್ಣಿಗೆ ಬಿತ್ತು. ಅದರ ಮೇಲೆ ಹಸಿರು ಚುಕ್ಕೆ ಇರಲಿಲ್ಲ. ಜೆಲಟಿನ್ ತಯಾರಾಗೋದು ಪ್ರಾಣಿಗಳ ಚರ್ಮ, ಮೂಳೆಯಿಂದ. ಹುಟ್ಟಿದಾಗಿನಿಂದ ಮೊಟ್ಟೆಯನ್ನೂ ಮುಟ್ಟದ ಅತ್ತೆ, ನಾನು ಕೊಟ್ಟಿದ್ದನ್ನ ಏನು, ಎತ್ತ ಅಂತ ಕೇಳದೆ ತಿಂತಾರೆ.

ಸುಮ್ಮನಿದ್ದಿದ್ರೆ ಯಾರಿಗೂ ಗೊತ್ತಾಗ್ತಿರಲಿಲ್ಲ. ಆದ್ರೂ ಹೇಳಿಬಿಟ್ಟೆ. ಅತ್ತೆ ಒಂದು ಕ್ಷಣ ಸುಮ್ಮನಿದ್ದು, “ಹೇಳಿದ್ದು ಒಳ್ಳೇದಾಯ್ತು. ನಂಗೆ ಬೇರೆ ಮಾಡಿಕೊಡು” ಅಂದ್ರು. ಆರು ಕಪ್ಪೂ ನನ್ನ ಗಂಡನ ಪಾಲಾಯ್ತು.

ಪನ್ನಾ ಕೋಟಾ ಅಂದ್ರೆ ಇಟಾಲಿಯನ್‌ನಲ್ಲಿ ‘ಬೇಯಿಸಿದ ಕೆನೆ’. ಇಟಲಿಯ ಉತ್ತರದ ಪಿಯೆಮೊಂಟೆ ಪ್ರಾಂತ್ಯದ ತಿನಿಸು. ಅದೇ ಪ್ರಾಂತ್ಯ ಹೇಜಲ್‌ನಟ್‌ಗೂ ಹೆಸರುವಾಸಿ. ಅಲ್ಲಿ ಜೆಲಟಿನ್ ಹಾಕ್ತಾರೆ, ನಮಗೆ ಚೈನಾ ಗ್ರಾಸ್ ಇದೆ. ಅಗರ್ ಅಗರ್ ಅಂತಾನೂ ಕರೀತಾರೆ. ಕಡಲಪಾಚಿಯಿಂದ ಬರೋದು, ಅಪ್ಪಟ ಸಸ್ಯಾಹಾರಿ.

ಆದ್ರೆ ಎರಡರ ಗುಣ ಬೇರೆ. ಜೆಲಟಿನ್ ಬಾಯಿಯ ಬಿಸಿಗೇ ಕರಗುತ್ತೆ, ಚೈನಾ ಗ್ರಾಸ್ ಕರಗಲ್ಲ. ಅದಕ್ಕೇ ಕಡಿಮೆ ಹಾಕಬೇಕು. ನಾನು ಮೊದಲ ಸಲ ಎರಡು ಚಮಚ ಸುರಿದು ರಬ್ಬರ್ ಮಾಡಿಟ್ಟಿದ್ದೆ!

ಬೇಕಾಗುವುದು (4 ಕಪ್‌ಗೆ)
ಫ್ರೆಶ್ ಕ್ರೀಮ್ 250 ಮಿ.ಲೀ., ಗಟ್ಟಿ ಹಾಲು 250 ಮಿ.ಲೀ., ಸಕ್ಕರೆ 4 ದೊಡ್ಡ ಚಮಚ, ಚೈನಾ ಗ್ರಾಸ್ ಪುಡಿ ಮುಕ್ಕಾಲು ಟೀ ಚಮಚ, ವೆನಿಲಾ ಎಸೆನ್ಸ್ ಅರ್ಧ ಟೀ ಚಮಚ. ಮೇಲಕ್ಕೆ: ಸ್ಟ್ರಾಬೆರಿ 200 ಗ್ರಾಂ, ಸಕ್ಕರೆ 2 ದೊಡ್ಡ ಚಮಚ, ನಿಂಬೆರಸ ನಾಲ್ಕು ಹನಿ, ಒಂದು ಹಿಡಿ ಪಿಸ್ತಾ, ಬಾದಾಮಿ.

ಮಾಡುವ ವಿಧಾನ
ಕ್ರೀಮನ್ನು ಅರ್ಧ ಗಂಟೆ ಮೊದಲೇ ಫ್ರಿಜ್‌ನಿಂದ ಹೊರಗಿಡಿ. ತಣ್ಣಗಿನ ಹಾಲಿಗೆ ಚೈನಾ ಗ್ರಾಸ್ ಪುಡಿ ಉದುರಿಸಿ, ಕಲಕಿ, ಒಲೆ ಮೇಲಿಡಿ. ಕುದಿ ಬಂದ ಮೇಲೆ ಸಣ್ಣ ಉರಿಯಲ್ಲಿ 2–3 ನಿಮಿಷ ಕೈಯಾಡಿಸುತ್ತಾ ಕುದಿಸಿ. ಕುದಿಯದಿದ್ರೆ ಪುಡಿ ಪೂರ್ತಿ ಕರಗಲ್ಲ, ಸೆಟ್ ಆಗಲ್ಲ. ಸಕ್ಕರೆ ಹಾಕಿ ಕರಗಿಸಿ.

ಇನ್ನೊಂದು ಪಾತ್ರೆಯಲ್ಲಿ ಕ್ರೀಮ್ ಬೆಚ್ಚಗೆ ಮಾಡಿ, ಕುದಿಸಬೇಡಿ. ಇದನ್ನು ಬಿಸಿ ಹಾಲಿಗೆ ಬೆರೆಸಿ, ವೆನಿಲಾ ಹಾಕಿ, ಸೋಸಿ, ಕಪ್‌ಗಳಿಗೆ ಸುರಿಯಿರಿ. ತಣ್ಣಗಿನ ಕ್ರೀಮ್ ಹಾಕಿದ್ರೆ ಚೈನಾ ಗ್ರಾಸ್ ಅಲ್ಲಲ್ಲೇ ಗಂಟು ಕಟ್ಟುತ್ತೆ. ಬಿಸಿ ಆರಿದ ಮೇಲೆ ಫ್ರಿಜ್‌ನಲ್ಲಿ 3 ಗಂಟೆ ಇಡಿ.

ಸ್ಟ್ರಾಬೆರಿ ಹೆಚ್ಚಿ, ಸಕ್ಕರೆ, ನಿಂಬೆರಸದ ಜೊತೆ 5–6 ನಿಮಿಷ ಬೇಯಿಸಿ, ಪೂರ್ತಿ ಆರಿಸಿ. ಹಿಪ್ಪುನೇರಳೆ ಹಣ್ಣು ಸಿಕ್ಕಿದ್ರೆ ಅದೂ ಚೆನ್ನ. ಬಾದಾಮಿ, ಪಿಸ್ತಾ ಹುರಿದು ಒಡೆದಿಡಿ. ಇದನ್ನ ಬಡಿಸುವಾಗಲೇ ಉದುರಿಸಿ, ಮೊದಲೇ ಹಾಕಿದ್ರೆ ಮೆತ್ತಗಾಗುತ್ತೆ.

ಎಡವಟ್ಟಾದ್ರೆ?
ತೀರಾ ಗಟ್ಟಿಯಾಯ್ತಾ? ಎರಡು ಚಮಚ ಹಾಲು ಹಾಕಿ ಮಿಕ್ಸಿಯಲ್ಲಿ ತಿರುಗಿಸಿ. ನುಣ್ಣನೆ ಕ್ರೀಮ್ ಆಗುತ್ತೆ, ಗ್ಲಾಸ್‌ಗೆ ಹಾಕಿ ಹಣ್ಣಿನ ಜೊತೆ ಕೊಡಿ. ಯಾರಿಗೂ ಗೊತ್ತಾಗಲ್ಲ. ಇಂಥದ್ದನ್ನ ಮುಚ್ಚಿಟ್ರೆ ಪರವಾಗಿಲ್ಲ!

ಮುಂದಿನ ಭಾನುವಾರ ಅತ್ತೆ ಮುಂದೆ ಕಪ್ ಇಟ್ಟೆ, ಪಕ್ಕದಲ್ಲಿ ಚೈನಾ ಗ್ರಾಸ್ ಪ್ಯಾಕೆಟ್ಟೂ ಇಟ್ಟೆ. ಅವರು ಪ್ಯಾಕೆಟ್ ಕಡೆ ನೋಡಲೇ ಇಲ್ಲ. “ನೀನು ಹೇಳ್ತೀಯಲ್ಲ, ಸಾಕು” ಅಂತ ಚಮಚ ಕೈಗೆತ್ತಿಕೊಂಡ್ರು.