ಧಾರವಾಡದ ಲೀಲಾ, ಹಿಂದಿ ಚಿತ್ರಗಳ ತಾಯಿ

ಹುಬ್ಬಳ್ಳಿ-ಧಾರವಾಡ ಅವಳಿನಗರದ ಕಲಾವಿದರ ಪಟ್ಟಿ ಹೇಳಿ ಎಂದರೆ ಗಂಗೂಬಾಯಿ, ಭೀಮಸೇನ, ಮನ್ಸೂರರ ಹೆಸರುಗಳು ಥಟ್ಟನೆ ಬರುತ್ತವೆ. ಧಾರವಾಡದಲ್ಲಿ ಹುಟ್ಟಿದ ಲೀಲಾ ಚಿಟ್ನಿಸ್ ನೆನಪಾಗುವುದು ಅಪರೂಪ.

ಪ್ರಾಧ್ಯಾಪಕರ ಮಗಳು, ಸ್ವತಃ ಪದವೀಧರೆ. ಮರಾಠಿ ರಂಗಭೂಮಿಯಿಂದ ಬಂದು ಬಾಂಬೆ ಟಾಕೀಸ್ ಸೇರಿದರು. ‘ಕಂಗನ್’ (1939), ‘ಬಂಧನ್’ (1940), ‘ಝೂಲಾ’ (1941) ಚಿತ್ರಗಳಲ್ಲಿ ಅಶೋಕ್ ಕುಮಾರ್ ಎದುರು ನಾಯಕಿ. ಲಕ್ಸ್ ಸೋಪಿನ ಜಾಹೀರಾತಿಗೆ ಮುಖವಾದ ಮೊದಲ ಭಾರತೀಯ ತಾರೆಯೂ ಇವರೇ. ಆದರೂ 1948ರ ‘ಶಹೀದ್’ನಲ್ಲಿ, ನಲವತ್ತು ತುಂಬುವ ಮೊದಲೇ, ದಿಲೀಪ್ ಕುಮಾರ್‌ಗೆ ತಾಯಿಯಾದರು. ಆ ವಯಸ್ಸಿನ ನಾಯಕನಿಗೆ ಯಾರೂ ತಂದೆಯ ಪಾತ್ರ ಕೊಡುವುದಿಲ್ಲ, ಬಿಡಿ!

ಅವರ ಕಸುಬು ನೋಡಬೇಕಾದರೆ ‘ಆವಾರಾ’ (1951) ನೋಡಬೇಕು. ಮೊದಲು ನ್ಯಾಯಾಧೀಶನ ಎಳೆಯ ಹೆಂಡತಿ. ತುಂಬು ಗರ್ಭಿಣಿಯಾಗಿ ಮನೆಯಿಂದ ಹೊರಬಿದ್ದ ಮೇಲೆ ಮುಂಬಯಿಯ ಕೊಳಗೇರಿಯಲ್ಲಿ ಬಡತನ ಅರೆದ ತಾಯಿ. ಒಂದೇ ಚಿತ್ರದಲ್ಲಿ ಎರಡು ವಯಸ್ಸು. ಮುಂದೆ ‘ಗಂಗಾ ಜಮುನಾ’, ‘ಗೈಡ್’ಗಳಲ್ಲೂ ತಾಯಿಯೇ. ನಾಯಕನ ಸಂಕಟಕ್ಕೆ ತೂಕ ಬಂದದ್ದು ಇಂಥ ಪೋಷಕ ನಟಿಯರಿಂದ. ಪೋಸ್ಟರಿನಲ್ಲಿ ಮಾತ್ರ ಅವರಿಗೆ ಮೂಲೆ. ಇಂದಿನ ಧಾರಾವಾಹಿಗಳ ಅಮ್ಮ, ಅತ್ತೆಯರ ಪಾಡೂ ಹೆಚ್ಚೇನೂ ಬದಲಾಗಿಲ್ಲ.

2003ರಲ್ಲಿ ಅಮೆರಿಕದಲ್ಲಿ ಅವರು ತೀರಿಕೊಂಡರು. ಅವರ ನೆನಪಿಗೆ ಅವಳಿನಗರದ ಮಹಾನಗರ ಪಾಲಿಕೆ ಒಂದು ಸಂಜೆ ಉಣಕಲ್ ಕೆರೆಯ ಉದ್ಯಾನದಲ್ಲಿ ಪರದೆ ಕಟ್ಟಿಸಿ ‘ಆವಾರಾ’ ತೋರಿಸಲಿ. ಆಮಂತ್ರಣ ಪತ್ರಿಕೆಯಲ್ಲಿ ರಾಜ್ ಕಪೂರ್ ಹೆಸರಿಗಿಂತ ಮೊದಲು ಲೀಲಾ ಚಿಟ್ನಿಸ್ ಹೆಸರು ಅಚ್ಚಾಗಲಿ.